ಬ್ಯಾಸ್ಕೆಟ್‌ಬಾಲ್ ಫೈನಲ್ಲಿಗೆ ಕೊಲಂಬೊ ಮಳೆ

ಕ್ರಿಕೆಟ್ ಫೈನಲ್ ನೋಡಲು ಯಾರೂ ಪ್ಲ್ಯಾನ್ ಮಾಡುವುದಿಲ್ಲ. ಟಿವಿ ಹಾಕಿದರೆ ಅದೇ ಬರುತ್ತಿರುತ್ತದೆ, ಕರೆಯದಿದ್ದರೂ ಜನ ಬಂದು ಕೂರುತ್ತಾರೆ, ಯಾರ್ಯಾರ ನಡುವೆ ಆಟ ಅಂತ ಒಬ್ಬರೂ ಕೇಳುವುದಿಲ್ಲ. ಬ್ಯಾಸ್ಕೆಟ್‌ಬಾಲ್ ಹುಚ್ಚು ಹಚ್ಚಿಕೊಂಡವರ ಪಾಡು ಹಾಗಲ್ಲ. ಇಂಥದ್ದೊಂದು ವಿಶ್ವಕಪ್ ಇದೆ ಅಂತ ಮೊದಲು ಮನೆಯವರನ್ನು ನಂಬಿಸಬೇಕು. 1950ರಿಂದ ನಡೀತಾ ಇದೆ ಅಂದರೆ "ಹೌದಾ, ನಮಗ್ಯಾರೂ ಹೇಳಲೇ ಇಲ್ಲವಲ್ಲ" ಅನ್ನುತ್ತಾರೆ. ಆಮೇಲೆ ಯಾವ ದೇಶದಲ್ಲಿ, ಅಲ್ಲಿ ಎಷ್ಟು ಗಂಟೆಯಾದರೆ ಇಲ್ಲಿ ಎಷ್ಟು, ಯಾವ ಆ್ಯಪಿನಲ್ಲಿ ಬರುತ್ತದೆ, ಅದರ ಪಾಸ್‌ವರ್ಡ್ ಏನಿತ್ತು, ಫೋನಿನಿಂದ ಅದನ್ನು ಟಿವಿಗೆ ಹಾಯಿಸುವುದು ಹೇಗೆ, ಅಷ್ಟೆಲ್ಲ ಆದ ಮೇಲೆ ಆ ಹೊತ್ತಿಗೆ ಟಿವಿ ಯಾರ ಕೈಯಲ್ಲಿರುತ್ತದೆ. ಈ ಕೊನೆಯದ್ದೇ ದೊಡ್ಡ ಪ್ರಶ್ನೆ.

2023ರ ಫೈನಲ್ ಮಾತ್ರ ಎಲ್ಲ ರೀತಿಯಲ್ಲೂ ಕೂಡಿ ಬಂದಿತ್ತು. ಮನಿಲಾದಲ್ಲಿ, ಸೆಪ್ಟೆಂಬರ್ 10, ಅದೂ ಭಾನುವಾರ, ಅಲ್ಲಿನ ರಾತ್ರಿ 8.40ಕ್ಕೆ. ಮನಿಲಾ ನಮಗಿಂತ ಎರಡೂವರೆ ಗಂಟೆ ಮುಂದೆ. ಲೆಕ್ಕ ಹಾಕಿದರೆ ಸಂಜೆ 6.10! ಇದು ಎಂಥ ಭಾಗ್ಯ ಅಂತ ನಿಮಗೆ ಗೊತ್ತಿಲ್ಲ. ಅಮೆರಿಕದ ಬ್ಯಾಸ್ಕೆಟ್‌ಬಾಲ್ ಲೀಗ್ ಎನ್‌ಬಿಎಯ ಫೈನಲ್ಸ್ ನೋಡಬೇಕೆಂದರೆ ಬೆಳಗಾಗುವ ಮೊದಲೇ ಎದ್ದು, ಸೌಂಡ್ ಆಫ್ ಮಾಡಿ, ಅರೆಗಣ್ಣಿನಲ್ಲಿ ಕೂತು, ಯಾರಾದರೂ ಹಾರಿ ಚೆಂಡನ್ನು ಬುಟ್ಟಿಗೆ ತುರುಕಿ ಒಳ್ಳೆ ಡಂಕ್ ಹೊಡೆದರೆ ಬಾಯಿಗೆ ಕೈ ಅಡ್ಡ ಇಟ್ಟುಕೊಂಡು ಕಿರುಚಬೇಕು. ಸಂಜೆ ಆರು ಗಂಟೆಗೆ, ಮನುಷ್ಯರು ಎಚ್ಚರ ಇರುವ ಹೊತ್ತಿಗೆ, ಬಾಯಿಬಿಟ್ಟು ಕೂಗುತ್ತ ನೋಡುವ ಬ್ಯಾಸ್ಕೆಟ್‌ಬಾಲ್ ನನ್ನ ಪಾಲಿಗೆ ಹೊಸದು.

ಆಗಸ್ಟಿನಲ್ಲೇ ಟಿವಿ ಬುಕ್ ಮಾಡಿದೆ. ಬುಕಿಂಗ್ ಆಫೀಸ್ ನಮ್ಮ ದೊಡ್ಡಪ್ಪ. ಟಿವಿ ಹಾಲಿನಲ್ಲಿರುತ್ತದೆ, ರಿಮೋಟ್ ದೊಡ್ಡಪ್ಪನ ಮಡಿಲಲ್ಲಿರುತ್ತದೆ, ರಿಮೋಟಿನ ಮೇಲೆ ಅವರ ಎಡಗೈ ಇರುತ್ತದೆ. ನಿದ್ದೆ ಮಾಡುವಾಗಲೂ ಆ ಕೈ ಅಲ್ಲಿಂದ ಕದಲುವುದಿಲ್ಲ.

"ಎಷ್ಟು ಹೊತ್ತಿನ ಆಟನೋ ಅದು?"

"ಹತ್ತತ್ತು ನಿಮಿಷದ ನಾಲ್ಕು ಕ್ವಾರ್ಟರ್ ದೊಡ್ಡಪ್ಪ."

"ನಲವತ್ತು ನಿಮಿಷಕ್ಕೆ ಇಷ್ಟೊಂದು ಪೀಠಿಕೆನಾ? ಹಾಗಾದ್ರೆ 6.50ಕ್ಕೆ ಟಿವಿ ವಾಪಸ್ ಕೊಡು."

ತೊಡಕು ಇರುವುದೇ ಇಲ್ಲಿ. ಈ ನಲವತ್ತು ನಿಮಿಷ ಅನ್ನುವುದು ಗಡಿಯಾರ ಓಡುವ ಹೊತ್ತು ಮಾತ್ರ. ಅದು ಓಡುವುದಕ್ಕಿಂತ ನಿಲ್ಲುವುದೇ ಜಾಸ್ತಿ. ರೆಫ್ರಿ ಸೀಟಿ ಊದಿದರೆ ನಿಲ್ಲುತ್ತದೆ. ಚೆಂಡು ಗೆರೆ ದಾಟಿದರೆ ನಿಲ್ಲುತ್ತದೆ. ಎದುರಾಳಿಯ ಫೌಲಿಗೆ ಸಿಗುವ ಫ್ರೀ ಥ್ರೋ ಹಾಕುವವನು ಚೆಂಡನ್ನು ಕುಟ್ಟಿ, ಉಸಿರೆಳೆದುಕೊಂಡು, ಬುಟ್ಟಿ ನೋಡಿ, ಯಾಕೋ ಸರಿಬರಲಿಲ್ಲ ಅಂತ ಮತ್ತೆ ಕುಟ್ಟುವಾಗಲೂ ಅದು ನಿಂತೇ ಇರುತ್ತದೆ. ಒಂದೊಂದು ತಂಡಕ್ಕೆ ಮೊದಲರ್ಧದಲ್ಲಿ ಎರಡು, ಎರಡನೇ ಅರ್ಧದಲ್ಲಿ ಮೂರು ಟೈಮ್‌ಔಟ್. ನಡುವೆ ಹದಿನೈದು ನಿಮಿಷದ ಹಾಫ್‌ಟೈಮ್. ಈ ನಲವತ್ತು ಸಲೀಸಾಗಿ ಎರಡು ಗಂಟೆಯಾಗುತ್ತದೆ. ಸ್ಕೋರ್ ಸಮವಾದರೆ ಇನ್ನೂ ಐದು ನಿಮಿಷ ಆಡಿಸುತ್ತಾರೆ, ಆ ಐದೂ ಇದೇ ಜಾತಿಯ ನಿಮಿಷಗಳು. ಇದನ್ನೆಲ್ಲ ದೊಡ್ಡಪ್ಪನಿಗೆ ವಿವರಿಸಿದೆ. "ಅಂದ್ರೆ ಎರಡು ಗಂಟೆ ಆಟಕ್ಕೆ ನಲವತ್ತು ನಿಮಿಷ ಅಂತ ಸುಳ್ಳು ಹೆಸರು ಇಟ್ಟಿದ್ದಾರೆ" ಅಂದರು. ತಪ್ಪು ಅನ್ನಲು ನನಗೆ ಬಾಯಿ ಬರಲಿಲ್ಲ. ಹೇಗೋ ಎರಡು ಗಂಟೆಗೆ ಒಪ್ಪಿದರು.

ಇನ್ನು ಜನ ಸೇರಿಸುವ ಕೆಲಸ. ಒಬ್ಬನೇ ಕೂತು ಫೈನಲ್ ನೋಡುವುದು ಯಾರಿಗೆ ಬೇಕು ಹೇಳಿ. ಗೆಳೆಯರ ಗುಂಪಿಗೆ ಮೆಸೇಜ್ ಹಾಕಿದೆ. ತಕ್ಷಣ ಎಲ್ಲರೂ ಹೆಬ್ಬೆರಳು ಒತ್ತಿದರು. ಆಮೇಲೆ ಶುರುವಾಯಿತು ಎನ್‌ಬಿಎ ಸ್ಟಾರ್‌ಗಳ ವಿಚಾರಣೆ. ಲೆಬ್ರಾನ್ ಇದ್ದಾನಾ? ಇಲ್ಲ. ಕರ್ರಿ? ಬಂದಿಲ್ಲ. ಹೋಗಲಿ, ಯೋಕಿಚ್? ಜೂನ್‌ನಲ್ಲಿ ಡೆನ್ವರ್ ತಂಡಕ್ಕೆ ಎನ್‌ಬಿಎ ಪಟ್ಟ ಗೆದ್ದುಕೊಟ್ಟು ದಣಿದಿದ್ದಾನೆ, ಸರ್ಬಿಯಾ ತಂಡದ ಜೊತೆ ಹೋಗಿಲ್ಲ. "ಹಾಗಾದ್ರೆ ಆಡೋರು ಯಾರು ಮಾರಾಯ?" ಆದರೂ ಅಮೆರಿಕ ಇದೆಯಲ್ಲ, ಹೇಗಿದ್ದರೂ ಅವರೇ ಗೆಲ್ಲುತ್ತಾರೆ, ಗೆಲ್ಲುವವರನ್ನು ನೋಡೋಣ ಅಂತ ಒಪ್ಪಿದರು. ಸೆಪ್ಟೆಂಬರ್ 8ರಂದು ಸೆಮಿಫೈನಲ್. ಜರ್ಮನಿ 113, ಅಮೆರಿಕ 111. ನನಗೋ ಖುಷಿ ತಡೆಯಲಾಗಲಿಲ್ಲ, ಇಂಥ ಆಟ ನೋಡಿ ಎಷ್ಟು ದಿನವಾಗಿತ್ತು! ಗುಂಪಿನಲ್ಲಿ ಮಾತ್ರ ಸಾವಿನ ಮೌನ. ಆಮೇಲೆ ಒಬ್ಬೊಬ್ಬರಿಗೇ ಭಾನುವಾರದ ಕೆಲಸ ನೆನಪಾಗತೊಡಗಿತು. ಒಬ್ಬನಿಗೆ ಗೃಹಪ್ರವೇಶ. ಒಬ್ಬನಿಗೆ ಮಗನ ಪರೀಕ್ಷೆ, ಆ ಮಗ ಎಲ್‌ಕೆಜಿ. 2019ರಲ್ಲೂ ಅಮೆರಿಕ ಫೈನಲ್ಲಿಗೆ ಬಂದಿರಲಿಲ್ಲ ಕಣ್ರೋ, ಏಳನೇ ಸ್ಥಾನಕ್ಕೆ ಇಳಿದಿತ್ತು, ಬೀಜಿಂಗಿನಲ್ಲಿ ಸ್ಪೇನ್ ಅರ್ಜೆಂಟೀನಾವನ್ನು 95–75ರಿಂದ ಸೋಲಿಸಿ ಕಪ್ ಎತ್ತಿತು, ಪ್ರಪಂಚ ಮುಳುಗಲಿಲ್ಲ ಅಂತ ಉದ್ದಕ್ಕೆ ಬರೆದೆ. ಅದಕ್ಕೂ ಹೆಬ್ಬೆರಳು ಬಂತು. ಜನ ಬರಲಿಲ್ಲ.

ಇದು ಸಣ್ಣ ಪೆಟ್ಟು. ದೊಡ್ಡದು ಅಷ್ಟರಲ್ಲೇ ಶ್ರೀಲಂಕಾದಲ್ಲಿ ತಯಾರಾಗಿತ್ತು. ಏಷ್ಯಾ ಕಪ್ ಕ್ರಿಕೆಟ್ ನಡೆಯುತ್ತಿತ್ತಲ್ಲ, ಅದರಲ್ಲಿ ಭಾರತ ನೇಪಾಳವನ್ನು ಸೋಲಿಸಿ ಸೂಪರ್ ಫೋರ್ ಸೇರಿತು. ಸೇರಿದ್ದಕ್ಕೆ ನನ್ನ ತಕರಾರಿಲ್ಲ. ಆದರೆ ಸೂಪರ್ ಫೋರಿನಲ್ಲಿ ಭಾರತ–ಪಾಕಿಸ್ತಾನ ಪಂದ್ಯ ಯಾವಾಗ ಅಂತ ಕೇಳಿ. ಸೆಪ್ಟೆಂಬರ್ 10. ಮಧ್ಯಾಹ್ನ ಮೂರರಿಂದ ರಾತ್ರಿಯವರೆಗೆ.

ನನ್ನ ಬುಕಿಂಗ್ ಅಲ್ಲೇ ರದ್ದಾಯಿತು. "ನೀನು ಬುಕ್ ಮಾಡಿದ್ದು ಹೌದಪ್ಪ, ಆದ್ರೆ ಇದು ಪಾಕಿಸ್ತಾನ" ಅಂದರು ದೊಡ್ಡಪ್ಪ. ಇದಕ್ಕೆ ಎದುರಾಡುವ ಮಾತು ಯಾವ ಭಾಷೆಯಲ್ಲೂ ಇಲ್ಲ. ಹಿಂದಿನ ವಾರವಷ್ಟೇ ಪಲ್ಲೆಕೆಲೆಯಲ್ಲಿ ಇದೇ ಎರಡು ತಂಡಗಳ ಆಟ ಅರ್ಧದಲ್ಲೇ ಮಳೆಯ ಪಾಲಾಗಿತ್ತು, ಆ ಹೊಟ್ಟೆಯುರಿ ಬೇರೆ ಅವರಿಗಿತ್ತು. ತುಂಬಾ ಚೌಕಾಸಿ ಮಾಡಿದ ಮೇಲೆ ಒಂದು ರಾಜಿಯಾಯಿತು. ಇನ್ನಿಂಗ್ಸ್ ಬ್ರೇಕಿನಲ್ಲಿ ಟಿವಿ ನನ್ನದು. ಉಳಿದ ಹೊತ್ತು ಫೋನಿನಲ್ಲಿ ನೋಡಿಕೊಳ್ಳಬೇಕು, ಸೌಂಡ್ ಇಲ್ಲದೆ.

ಭಾನುವಾರ ಬಂತು. ರೋಹಿತ್ ಮತ್ತು ಗಿಲ್ ಇಬ್ಬರೂ ಅರ್ಧ ಶತಕ ಹೊಡೆದು ಔಟಾದರು. 24.1 ಓವರಿಗೆ ಭಾರತ 147ಕ್ಕೆ 2. ಮಳೆ ಸುರಿಯಿತು. ಕೊಲಂಬೊದ ಸಿಬ್ಬಂದಿ ಓಡೋಡಿ ಬಂದು ಇಡೀ ಮೈದಾನಕ್ಕೆ ಕವರ್ ಹೊದಿಸಿದರು. ನನಗೆ ಒಳಗೊಳಗೇ ಖುಷಿ. ಆಟ ನಿಂತಿದೆ, ಇನ್ನು ಟಿವಿಯಲ್ಲಿ ನೋಡುವುದೇನಿದೆ? 6.10ಕ್ಕೆ ಸರಿಯಾಗಿ ಹೋಗಿ ಕೇಳಿದೆ.

"ದೊಡ್ಡಪ್ಪ, ಬ್ರೇಕ್."

"ಇದು ಬ್ರೇಕ್ ಅಲ್ಲ, ಮಳೆ. ಇನ್ನಿಂಗ್ಸ್ ಎಲ್ಲಿ ಮುಗಿದಿದೆ?"

ಮಾತಿಗೆ ಮಾತು ಹಿಡಿದರೆ ಅವರದೇ ಸರಿ. ಇನ್ನೂ ಇಪ್ಪತ್ತೈದು ಓವರ್ ಬಾಕಿ. ಹಾಗಾಗಿ ಮನಿಲಾದಲ್ಲಿ ಜರ್ಮನಿಯೂ ಸರ್ಬಿಯಾವೂ ವಿಶ್ವಕಪ್ಪಿಗೆ ಬಡಿದಾಡುತ್ತಿರುವಾಗ ನಮ್ಮ ಹಾಲಿನ ದೊಡ್ಡ ಟಿವಿಯಲ್ಲಿ ಒದ್ದೆ ಟಾರ್ಪಾಲು ಬರುತ್ತಿತ್ತು. ಕ್ಯಾಮೆರಾ ಅದನ್ನು ಈ ಕಡೆಯಿಂದ ತೋರಿಸಿತು. ಆ ಕಡೆಯಿಂದ ತೋರಿಸಿತು. ಹತ್ತಿರ ಹೋಗಿ ಮೇಲೆ ನಿಂತ ನೀರು ತೋರಿಸಿತು. ದೊಡ್ಡಪ್ಪ ಕಣ್ಣು ಮಿಟುಕಿಸದೆ ನೋಡುತ್ತಿದ್ದರು. "ಆ ಮೂಲೆಯಲ್ಲಿ ನೀರು ಕಮ್ಮಿಯಾಗಿದೆ, ಈಗ ಶುರುವಾಗತ್ತೆ ನೋಡು" ಅಂತ ನಡುನಡುವೆ ವರದಿ.

"ನಮ್ಮ ಆಟಕ್ಕೆ ಈ ಕಾಟವೇ ಇಲ್ಲ ದೊಡ್ಡಪ್ಪ, ಮೇಲೆ ಛಾವಣಿ ಇದೆ" ಅಂದೆ. 1936ರ ವಿಷಯ ಬೇಕೆಂದೇ ಎತ್ತಲಿಲ್ಲ. ಆ ವರ್ಷ ಬರ್ಲಿನ್ ಒಲಿಂಪಿಕ್ಸಿನಲ್ಲಿ ಬ್ಯಾಸ್ಕೆಟ್‌ಬಾಲನ್ನು ಬಯಲಿನಲ್ಲಿ, ಮಣ್ಣಿನ ಅಂಕಣದಲ್ಲಿ ಆಡಿಸಿದ್ದರು. ಫೈನಲ್ ದಿನ ಮಳೆ ಹೊಡೆದು ಎಲ್ಲ ಕೆಸರು. ಕೆಸರಿನಲ್ಲಿ ಚೆಂಡು ಪುಟಿಯಬೇಕಲ್ಲ! ಪುಟಿಯದ ಚೆಂಡಿನಲ್ಲಿ ಅಮೆರಿಕ 19, ಕೆನಡಾ 8. ಆಟ ಕಂಡುಹಿಡಿದ ಜೇಮ್ಸ್ ನೈಸ್ಮಿತ್ ಅವರೇ ಆ ಒಲಿಂಪಿಕ್ಸಿಗೆ ಬಂದಿದ್ದರಂತೆ, ಪಾಪ. ಇದು ದೊಡ್ಡಪ್ಪನ ಕಿವಿಗೆ ಬಿದ್ದಿದ್ದರೆ ನನ್ನ ಕಥೆ ಅವತ್ತೇ ಮುಗಿಯುತ್ತಿತ್ತು.

ಫೋನಿನಲ್ಲಿ ಮೊದಲರ್ಧ ನೋಡಿದೆ. ಅಂಗೈಯಗಲದ ತೆರೆಯಲ್ಲಿ ಹತ್ತು ಜನ ಓಡಿದರೆ ಚೆಂಡು ಯಾರ ಹತ್ತಿರ ಅಂತ ಅಂದಾಜಿನಲ್ಲೇ ತಿಳಿಯಬೇಕು. 47–47, ಸಮ. ಸರಿಯಾಗಿ ಆ ಹೊತ್ತಿಗೆ ದೊಡ್ಡಪ್ಪನಿಗೆ ಫೋನ್ ಬಂತು, ಸಿಗ್ನಲ್ ಸಿಗುವುದಿಲ್ಲ ಅಂತ ವರಾಂಡಕ್ಕೆ ಎದ್ದು ಹೋದರು. ರಿಮೋಟ್ ಕುರ್ಚಿಯ ಮೇಲೆ ಒಂಟಿಯಾಗಿ ಬಿದ್ದಿತ್ತು. ಹಾರಿ ಹಿಡಿದೆ. ಫೋನಿನಿಂದ ಟಿವಿ ಹುಡುಕು ಅಂದರೆ ಅದು ಮೊದಲು ಪಕ್ಕದ ಮನೆಯ ಟಿವಿ ತೋರಿಸಿತು, ಆಮೇಲೆ ಯಾವುದೋ ಸ್ಪೀಕರ್ ತೋರಿಸಿತು, ಆಮೇಲೆ ಗುಂಡಗೆ ತಿರುಗುತ್ತ ಕೂತಿತು. ಕಡೆಗೂ ಮನಿಲಾ ನಮ್ಮ ಹಾಲಿಗೆ ಬಂತು! ಎಷ್ಟು ದೊಡ್ಡದಾಗಿ, ಎಷ್ಟು ಚೆನ್ನಾಗಿ. ಆದರೆ ಅದು ಹಾಫ್‌ಟೈಮ್. ಖಾಲಿ ಅಂಕಣ. ನೆಲ ಒರೆಸುತ್ತಿದ್ದರು. ಆಗ ನಮ್ಮ ಅಮ್ಮ ಇಣುಕಿ ನೋಡಿ "ಇಲ್ಲೂ ಒರೆಸ್ತಾ ಇದ್ದಾರಾ?" ಅಂದು ಒಳಗೆ ಹೋದರು.

ಮೂರನೇ ಕ್ವಾರ್ಟರಿಗೆ ಆಟಗಾರರು ಬಂದು ನಿಂತರು, ದೊಡ್ಡಪ್ಪನೂ ಬಂದು ನಿಂತರು. ಮಳೆ ನಿಂತಿದೆಯಂತೆ. ಟಿವಿ ಕೊಲಂಬೊಗೆ ವಾಪಸ್. ಅಲ್ಲಿ ನೆಲ ಒಣಗಿಸಲು ಫ್ಯಾನ್ ತಂದಿಟ್ಟಿದ್ದರು. ಮನೆಯಲ್ಲಿಡುವಂಥ ಫ್ಯಾನು, ಹುಲ್ಲಿಗೆ ಗಾಳಿ ಹಾಕುತ್ತಿತ್ತು. ಆ ಫ್ಯಾನ್ ತಿರುಗುವ ಹೊತ್ತಿಗೆ ಅತ್ತ ಜರ್ಮನಿ ಇಡೀ ಫೈನಲ್ಲನ್ನೇ ತಿರುಗಿಸಿತು. ಆ ಕ್ವಾರ್ಟರಿನಲ್ಲಿ ಜರ್ಮನಿ 22, ಸರ್ಬಿಯಾ 10.

ಫೋನಿನ ಇನ್ನೊಂದು ಪೀಡೆ ಅಂದರೆ ನಮಗೆ ಕಾಣುವ ಆಟ ನಿಜವಾದ ಆಟಕ್ಕಿಂತ ಹಿಂದೆ ಇರುತ್ತದೆ. ಬರುವುದಿಲ್ಲ ಅಂದಿದ್ದ ಅದೇ ಎಲ್‌ಕೆಜಿ ಗೆಳೆಯ ಎಲ್ಲೋ ಕೂತು ಸ್ಕೋರ್ ನೋಡುತ್ತಿದ್ದ ಅಂತ ಕಾಣುತ್ತದೆ. "ಶ್ರೋಡರ್!!!" ಅಂತ ಮೆಸೇಜ್ ಬರುತ್ತಿತ್ತು. ನನ್ನ ತೆರೆಯಲ್ಲಿ ಜರ್ಮನಿಯ ಡೆನಿಸ್ ಶ್ರೋಡರ್ ಇನ್ನೂ ಅರ್ಧ ಅಂಕಣದಲ್ಲಿ ಚೆಂಡು ಕುಟ್ಟುತ್ತ, ಏನು ಮಾಡಲಿ ಅಂತ ಯೋಚಿಸುತ್ತಿರುತ್ತಿದ್ದ. ಅವನಿಗೇ ಗೊತ್ತಿಲ್ಲದ್ದು ನನಗೆ ಗೊತ್ತು. ಇಂಥ ಜ್ಞಾನ ಯಾರಿಗೆ ಬೇಕು?

ಕೊನೆ ಕ್ವಾರ್ಟರಿನಲ್ಲಿ ಸರ್ಬಿಯಾ ಕಚ್ಚಿ ಹಿಡಿದು ಹತ್ತಿರ ಬಂತು. ಗಡಿಯಾರದಲ್ಲಿ ಎರಡು ನಿಮಿಷ. ಅದೇ ಹೊತ್ತಿಗೆ ನಮ್ಮತ್ತೆ ಬ್ಯಾಗ್ ಹಿಡಿದು ಬಾಗಿಲಿಗೆ ಬಂದರು. ಅವರನ್ನು ಬಸ್ಸಿಗೆ ಬಿಡಬೇಕಿತ್ತು.

"ಎರಡೇ ನಿಮಿಷ ಅತ್ತೆ."

ಅತ್ತೆ ನಂಬಿದರು. ಚಪ್ಪಲಿ ಹಾಕಿಕೊಂಡರು. ಆದರೆ ಕೊನೆಯ ಎರಡು ನಿಮಿಷಕ್ಕೆ ನಿಯಮವೇ ಬೇರೆ. ಅಲ್ಲಿಯವರೆಗೆ ಬುಟ್ಟಿಗೆ ಬಿದ್ದರೂ ಓಡುತ್ತಿದ್ದ ಗಡಿಯಾರ ಈಗ ಬುಟ್ಟಿಗೆ ಬಿದ್ದರೂ ನಿಲ್ಲುತ್ತದೆ. ಹಿಂದಿರುವ ತಂಡ ಬೇಕೆಂದೇ ಫೌಲ್ ಮಾಡುತ್ತದೆ, ಅವರು ಫ್ರೀ ಥ್ರೋ ತಪ್ಪಿಸಲಿ, ಚೆಂಡು ನಮಗೆ ಬರಲಿ, ಗಡಿಯಾರ ನಿಂತಿರಲಿ ಅಂತ. ಕೋಚ್ ಟೈಮ್‌ಔಟ್ ಕರೆಯುತ್ತಾನೆ. ರೆಫ್ರಿಗಳು ಟಿವಿಯಲ್ಲಿ ರೀಪ್ಲೇ ನೋಡಲು ಹೋಗುತ್ತಾರೆ. ಅತ್ತೆ ಚಪ್ಪಲಿ ಬಿಚ್ಚಿದರು. ಬ್ಯಾಗ್ ಕೆಳಗಿಟ್ಟರು. ಬಂದು ನನ್ನ ಭುಜದ ಮೇಲಿಂದ ಬಗ್ಗಿ ನೋಡಿ, "ಆಗ್ಲೂ ಇಷ್ಟೇ ಸೆಕೆಂಡ್ ಇತ್ತು, ಈಗ್ಲೂ ಅಷ್ಟೇ ಇದೆ, ನಿನ್ನ ಫೋನ್ ಹ್ಯಾಂಗ್ ಆಗಿದೆ" ಅಂದರು.

ಮ್ಯೂನಿಕ್ ಒಲಿಂಪಿಕ್ಸ್ ಫೈನಲ್ ನೋಡಿದ್ದರೆ ಅತ್ತೆ ಏನನ್ನುತ್ತಿದ್ದರೋ. 1972ರಲ್ಲಿ ಅಲ್ಲಿ ಕೊನೆಯ ಮೂರು ಸೆಕೆಂಡನ್ನು ಮೂರು ಸಲ ಆಡಿಸಿದರು. ಮೂರನೇ ಸಲಕ್ಕೆ ಬೆಲೋವ್ ಬುಟ್ಟಿಗೆ ಹಾಕಿ ಸೋವಿಯತ್ ತಂಡ 51–50ರಿಂದ ಗೆದ್ದಿತು. ಅಮೆರಿಕದವರು ಸಿಟ್ಟಿನಲ್ಲಿ ಬೆಳ್ಳಿ ಪದಕ ತೆಗೆದುಕೊಳ್ಳಲೇ ಇಲ್ಲ.

ಮನಿಲಾದಲ್ಲಿ ಅಷ್ಟು ರಗಳೆಯಾಗಲಿಲ್ಲ. ಶ್ರೋಡರ್ ಒಬ್ಬನೇ ನುಗ್ಗಿ ಬುಟ್ಟಿಯ ಹತ್ತಿರದಿಂದಲೇ ಚೆಂಡು ಹಾಕಿದ, ಆಮೇಲೆ ಫ್ರೀ ಥ್ರೋಗಳನ್ನೂ ಹಾಕಿದ. 83–77. ಅವನದೇ 28 ಪಾಯಿಂಟ್. ಎಂಟಕ್ಕೆ ಎಂಟೂ ಪಂದ್ಯ ಗೆದ್ದು ಜರ್ಮನಿ ಮೊದಲ ಸಲ ವಿಶ್ವಕಪ್ ಎತ್ತಿತು. ನಾನು ಸೌಂಡಿಲ್ಲದೆ ಕುಣಿದೆ. ಅತ್ತೆಯ ಬಸ್ ಹೋಗಿತ್ತು. ಮುಂದಿನ ಬಸ್ಸಿಗೆ ಬಿಟ್ಟು ಬರುವಷ್ಟರಲ್ಲಿ ದಾರಿಯುದ್ದಕ್ಕೂ ನನಗೆ ನಿಮಿಷ ಅಂದರೆ ಅರವತ್ತು ಸೆಕೆಂಡ್ ಅಂತ ಪಾಠವಾಯಿತು.

ಮನೆಗೆ ಬಂದರೆ ದೊಡ್ಡಪ್ಪ ರಿಮೋಟನ್ನು ನನ್ನ ಕಡೆ ಚಾಚಿದರು. ಕೊಲಂಬೊದಲ್ಲಿ ಮತ್ತೆ ಮಳೆ, ಆಟ ಮರುದಿನಕ್ಕೆ ಹೋಗಿತ್ತು. "ತಗೋ, ಇನ್ನು ಟಿವಿ ನಿಂದೇ. ಆರಾಮಾಗಿ ನೋಡ್ಕೋ."

ಬಿಟ್ಟೇನೆ? ಕೊನೆ ಕ್ವಾರ್ಟರಿನ ರೀಪ್ಲೇ ಹಾಕಿದೆ, ಪೂರ್ತಿ ಸೌಂಡಿನಲ್ಲಿ. ಸಂಜೆಯಿಂದ ಟಾರ್ಪಾಲು, ಸ್ಪಂಜು, ಫ್ಯಾನು ಎಲ್ಲವನ್ನೂ ನೋಡಿ ಮುಗಿಸಿದ್ದ ದೊಡ್ಡಪ್ಪನೂ ಕೂತರು. ಒಂದು ಫೌಲ್, ಒಂದು ಟೈಮ್‌ಔಟ್, ಎರಡು ಫ್ರೀ ಥ್ರೋ ಅಷ್ಟೇ. ಅವರ ತಾಳ್ಮೆ ಕೆಟ್ಟಿತು.

"ಏನಪ್ಪ ಇದು, ಆಡೋದಕ್ಕಿಂತ ನಿಲ್ಲಿಸೋದೇ ಜಾಸ್ತಿ. ಇಂಥದ್ದನ್ನ ಯಾರಾದ್ರೂ ಕೂತು ನೋಡ್ತಾರಾ?" ಅಂದವರೇ ಎದ್ದು ಮಲಗಲು ಹೋದರು. ಮರುದಿನ ಮೂರು ಗಂಟೆಗೆ ಅವರಿಗೆ ಮತ್ತೆ ಡ್ಯೂಟಿ ಇತ್ತು.