ಒಟಿಪಿ ಬರುವ ಊರಿನವರಿಗೆ ಮಾತ್ರ ಪಾಸ್‌ಪೋರ್ಟಾ?

"ಈಗೆಲ್ಲ ಆನ್‌ಲೈನ್ ಅಲ್ವಾ, ಮನೆಯಲ್ಲೇ ಕೂತು ಹತ್ತು ನಿಮಿಷದಲ್ಲಿ ಮುಗಿಸಬಹುದು." ಈ ಮಾತನ್ನು ಇನ್ನು ಯಾರಾದರೂ ನನ್ನ ಎದುರು ಆಡಿದರೆ ನನಗೆ ತಡೆದುಕೊಳ್ಳುವುದು ಕಷ್ಟ. ಯಾರ ಮನೆಯಲ್ಲಿ ಕೂತು? ಯಾವ ಊರಿನಲ್ಲಿ? ಶಿರಸಿಯ ಹುಲೇಕಲ್ ದಾಟಿ ಒಳಗೆ ಬನ್ನಿ. ಮಳೆಗಾಲದಲ್ಲಿ ಬನ್ನಿ. ಬಂದು ನಮ್ಮ ಜಗಲಿಯಲ್ಲಿ ಕೂತು ಹತ್ತು ನಿಮಿಷದಲ್ಲಿ ಮಾಡಿ ತೋರಿಸಿ.

ವಿಷಯ ಇಷ್ಟೇ. ನಮ್ಮ ಆಯಿಯ (ಅಮ್ಮನ) ಪಾಸ್‌ಪೋರ್ಟಿಗೆ ಹತ್ತು ವರ್ಷ ತುಂಬಿತು. ನವೀಕರಣ ಆಗಬೇಕು. ತಂಗಿ ಆಸ್ಟ್ರೇಲಿಯಾದಲ್ಲಿದ್ದಾಳೆ, ಹೆರಿಗೆ ಹತ್ತಿರ ಬಂದಿದೆ. ಬಾಣಂತನಕ್ಕೆ ಆಯಿ ಹೋಗಬೇಕು. ಪಾಸ್‌ಪೋರ್ಟ್ ಕೈಗೆ ಬಂದ ಮೇಲೆ ವೀಸಾ, ವೀಸಾ ಆದ ಮೇಲೆ ಟಿಕೆಟ್. ಹೆರಿಗೆಗೆ ಸ್ಲಾಟ್ ಬದಲಾಯಿಸುವ ಸೌಕರ್ಯ ಇಲ್ಲ. ಹೆಸರು ಬದಲಾಗಿಲ್ಲ, ಊರು ಬದಲಾಗಿಲ್ಲ, ಮನೆ ಬದಲಾಗಿಲ್ಲ. ಹತ್ತು ವರ್ಷದ ಹಿಂದೆ ಇದೇ ಸರ್ಕಾರಿ ವ್ಯವಸ್ಥೆ ಇದೇ ಹೆಂಗಸನ್ನು ನೋಡಿ, ಬೆರಳಚ್ಚು ತಗೊಂಡು, ಪೊಲೀಸರಿಂದ ವಿಚಾರಿಸಿ ಪುಸ್ತಕ ಕೊಟ್ಟಿದೆ. ಆ ಪುಸ್ತಕವೇ ಕೈಯಲ್ಲಿದೆ. ಇದಕ್ಕಿಂತ ಸುಲಭದ ಅರ್ಜಿ ಇನ್ನೊಂದು ಇರಲಿಕ್ಕಿಲ್ಲ.

ಮೊದಲಿಗೆ ಫಾರ್ಮು. ಇಂಗ್ಲಿಷ್ ಇದೆ, ಹಿಂದಿ ಇದೆ, ಕನ್ನಡ ಇಲ್ಲ. ನಮ್ಮ ರಾಜ್ಯದ 'ಭೂಮಿ' ಯೋಜನೆಯಲ್ಲಿ ಪಹಣಿ ಕಂಪ್ಯೂಟರಿಗೆ ಬಂದು ಇಪ್ಪತ್ತು ವರ್ಷದ ಮೇಲಾಯಿತು. ಅದು ಕನ್ನಡದಲ್ಲೇ ಬಂತು. ಸರ್ವೆ ನಂಬರು, ಹಿಸ್ಸಾ, ಖರಾಬು, ಋಣದ ಕಲಂ, ಎಲ್ಲ ಕನ್ನಡದಲ್ಲಿ. ಆಯಿ ಪಹಣಿಯನ್ನು ತಾನೇ ಓದಿ, ತಪ್ಪಿದ್ದರೆ ಬೆರಳಿಟ್ಟು ತೋರಿಸುತ್ತಾಳೆ. ಆಗಲೇ ಆದ ಕೆಲಸ ಈಗ ಪಾಸ್‌ಪೋರ್ಟಿನ ಫಾರ್ಮಿಗೆ ಯಾಕೆ ಆಗುವುದಿಲ್ಲ? ತನ್ನ ಅರ್ಜಿಯನ್ನು ತಾನೇ ಓದಿ ನೋಡುವ ಹಕ್ಕು ಅವಳಿಗೆ ಇಲ್ವಾ? ಕೊನೆಯಲ್ಲಿ "ಮೇಲೆ ಹೇಳಿದ್ದೆಲ್ಲ ಸತ್ಯ" ಎಂದು ಒಪ್ಪಿಗೆ ಕೊಡುವವಳು ಅವಳು. ಏನಕ್ಕೆ ಒಪ್ಪಿಗೆ ಕೊಡುತ್ತಿದ್ದೇನೆ ಅಂತ ಅವಳಿಗೆ ಗೊತ್ತಾಗುವುದು ಬೇಡ್ವಾ?

ಆಮೇಲೆ ವಿಳಾಸ. ಮನೆ ನಂಬರ್ ಮತ್ತು ರಸ್ತೆಯ ಹೆಸರು ತುಂಬದಿದ್ದರೆ ಫಾರ್ಮು ಮುಂದೆ ಹೋಗುವುದಿಲ್ಲ. ನಮ್ಮ ಕಡೆ ರಸ್ತೆಗೆ ಹೆಸರು ಎಲ್ಲಿಂದ ತರಬೇಕು? ಊರು, ಕೇರಿ, ಅಂಚೆ, ತಾಲೂಕು, ಇಷ್ಟು ಬರೆದರೆ ಟಪಾಲಿನವರು ಕಣ್ಣು ಮುಚ್ಚಿಕೊಂಡು ತಂದು ಕೊಡುತ್ತಾರೆ. ಪೊಲೀಸ್ ಠಾಣೆಯನ್ನೂ ನಾವೇ ಪಟ್ಟಿಯಲ್ಲಿ ಹುಡುಕಿ ಆರಿಸಬೇಕು. ಶಿರಸಿಯೊಂದರಲ್ಲೇ ಗ್ರಾಮೀಣ ಠಾಣೆ, ಹೊಸ ಮಾರುಕಟ್ಟೆ ಠಾಣೆ, ಬನವಾಸಿ ಠಾಣೆ ಅಂತ ಬೇರೆ ಬೇರೆ ಇವೆ. ಒಂದು ಊರಿಗೆ ಯಾವ ಠಾಣೆ ಎಂಬುದು ಸರ್ಕಾರಕ್ಕೆ ಗೊತ್ತಿರುವ ಸಂಗತಿ. ಪಿನ್‌ಕೋಡು, ಊರಿನ ಹೆಸರು ಕೊಟ್ಟ ಮೇಲೂ ಅದನ್ನು ನಮ್ಮ ಹತ್ತಿರವೇ ಕೇಳುತ್ತಾರೆ. ತಪ್ಪು ಠಾಣೆ ಆರಿಸಿದರೆ ಕಡತ ಅಲ್ಲಿಗೆ ಹೋಗಿ ಕೂತುಕೊಳ್ಳುತ್ತದೆ, ಅದರ ದಂಡ ನಮಗೆ.

ಇದನ್ನೆಲ್ಲ ಸಹಿಸಬಹುದು. ನನ್ನ ಹೊಟ್ಟೆ ಉರಿದದ್ದು ಒಟಿಪಿ ವಿಷಯದಲ್ಲಿ.

ನಮ್ಮ ಮನೆಯೊಳಗೆ ಮೊಬೈಲಿಗೆ ಸಿಗ್ನಲ್ ಇಲ್ಲ. ಅಂಗಳದಲ್ಲೂ ಇಲ್ಲ. ದಣಪೆ ದಾಟಿ, ತೋಟದ ಮೇಲಿನ ದಾರಿ ಹತ್ತಿ ಬೇಣದ (ಹುಲ್ಲುಗುಡ್ಡದ) ತುದಿಗೆ ಹೋದರೆ ಎರಡು ಕಡ್ಡಿ ಸಿಗುತ್ತದೆ. ಅದೂ ಟವರ್ ಇರುವ ಕಡೆ ಕರೆಂಟ್ ಇದ್ದರೆ. ಗಾಳಿ ಮಳೆಗೆ ಲೈನಿನ ಮೇಲೆ ಮರ ಬಿತ್ತು ಅಂದರೆ ಕರೆಂಟ್ ಹೋಗುತ್ತದೆ. ಸ್ವಲ್ಪ ಹೊತ್ತಿಗೆ ಟವರಿನ ಬ್ಯಾಟರಿ ಖಾಲಿ. ಅಲ್ಲಿಗೆ ಇಡೀ ಸೀಮೆಯ ಫೋನುಗಳು ಮೂಕ. 2020ರಲ್ಲಿ ಶಾಲೆ ಮುಚ್ಚಿದಾಗ ನಮ್ಮ ಜಿಲ್ಲೆಯ ಮಕ್ಕಳು ಗುಡ್ಡದ ಮೇಲೆ ಗುಡಿಸಲು ಹಾಕಿಕೊಂಡು ಪಾಠ ಕೇಳಿದರು. ಪೇಪರಿನಲ್ಲಿ ಫೋಟೋ ಬಂತು. ಎಲ್ಲರೂ "ಅಯ್ಯೋ ಪಾಪ" ಅಂದರು. ಆ ಮಕ್ಕಳು ಈಗ ಕಾಲೇಜು ಮುಗಿಸುತ್ತಿದ್ದಾರೆ. ಸಿಗ್ನಲ್ ಮಾತ್ರ ಆಗ ಇದ್ದಲ್ಲೇ ಇದೆ, ಗುಡ್ಡದ ಮೇಲೆ.

ಆಧಾರ್ ಒಟಿಪಿಗೆ ಹತ್ತು ನಿಮಿಷದ ಆಯಸ್ಸು. ಬ್ಯಾಂಕಿನ ಒಟಿಪಿಗೆ ಇನ್ನೂ ಕಡಿಮೆ. ಮನೆಯಲ್ಲಿ ಲ್ಯಾಂಡ್‌ಲೈನಿನ ಇಂಟರ್‌ನೆಟ್ ಇದೆ, ಅಲ್ಲಿ ಫಾರ್ಮು ತೆರೆಯುತ್ತದೆ. ಒಟಿಪಿ ಬರುವುದು ಬೇಣದ ತುದಿಯಲ್ಲಿ. ನಾನು ಮೇಲೆ ಹತ್ತಿ, ಕೊಪ್ಪೆ ಹೊದ್ದುಕೊಂಡು, ಕಾಲಿಗೆ ಹತ್ತಿದ ಉಂಬಳ ಕೀಳುತ್ತ ನಿಲ್ಲಬೇಕು. ಸಂದೇಶ ಬಂದ ಕೂಡಲೇ ಕೆಳಗೆ ಓಡಬೇಕು. ಬಂದು ನೋಡಿದರೆ "ನಿಮ್ಮ ಸೆಷನ್ ಮುಗಿದಿದೆ". ಮತ್ತೆ ಲಾಗಿನ್, ಮತ್ತೆ ಆ ವಕ್ರ ಅಕ್ಷರಗಳನ್ನು ಗುರುತಿಸುವ ಪರೀಕ್ಷೆ, ಮತ್ತೆ ಮೊದಲಿನಿಂದ. ಮೊಬೈಲಿನಲ್ಲೇ ಮಾಡಿ ಎನ್ನುತ್ತೀರಾ? ಎರಡು ಕಡ್ಡಿಯಲ್ಲಿ ಒಟಿಪಿ ಬಂದರೆ ಪುಟ ತೆರೆಯುವುದಿಲ್ಲ, ಪುಟ ತೆರೆದರೆ ಮಳೆ ಹನಿ ಬಿದ್ದ ಪರದೆಯ ಮೇಲೆ ಬೆರಳು ನಿಲ್ಲುವುದಿಲ್ಲ. ಲ್ಯಾಂಡ್‌ಲೈನಿಗೆ ಕರೆ ಮಾಡಿ ಆ ಆರು ಅಂಕಿಯನ್ನು ಹೇಳಿದರೆ ಏನು ನಷ್ಟ? ಆದರೆ ಮೊಬೈಲ್ ನಂಬರ್ ಕಡ್ಡಾಯ. ನಲವತ್ತು ವರ್ಷದ ಹಳೆಯ ಲ್ಯಾಂಡ್‌ಲೈನು ಅವರ ಲೆಕ್ಕಕ್ಕೇ ಇಲ್ಲ.

ಆಧಾರ್ ಒಟಿಪಿ ಯಾಕೆ ಬೇಕಾಯಿತು ಅಂದರೆ ಡಿಜಿಲಾಕರ್, ದಾಖಲೆಗಳನ್ನು ಆನ್‌ಲೈನಿನಲ್ಲೇ ಇಡುವ ಸರ್ಕಾರಿ ಕಪಾಟು. ಅದು ಕಡ್ಡಾಯವಲ್ಲ. ಆದರೆ ಅದರ ಮೂಲಕ ದಾಖಲೆ ಕೊಟ್ಟರೆ ಆ ಮೂಲ ಪ್ರತಿಗಳನ್ನು ಹೊತ್ತುಕೊಂಡು ಹೋಗಬೇಕಿಲ್ಲ, ಕೆಲಸ ಬೇಗ ಆಗುತ್ತದೆ ಎಂದು ಅವರೇ ಹೇಳುತ್ತಾರೆ. ಸರಿ ಎಂದು ಹೋದರೆ, ಆಯಿಯ ಆಧಾರಿಗೆ ಜೋಡಿಸಿದ್ದು ಅಪ್ಪಯ್ಯನ ಹಳೆಯ ಸಿಮ್. ಪಂಚಾಯ್ತಿಯ ಕ್ಯಾಂಪಿನಲ್ಲಿ ಅಂದು "ಮನೆಯ ಯಾವುದಾದರೂ ಒಂದು ನಂಬರ್ ಕೊಡಿ" ಎಂದು ಬರೆದುಕೊಂಡಿದ್ದರು. ಅಪ್ಪಯ್ಯನೂ ಈಗಿಲ್ಲ, ಆ ನಂಬರೂ ಇಲ್ಲ. ನಂಬರ್ ಬದಲಿಸಲು ಆಧಾರ್ ಕೇಂದ್ರಕ್ಕೇ ಹೋಗಬೇಕಾಯಿತು. ಅಲ್ಲಿ ಬೆರಳಿಡಬೇಕು. ಐವತ್ತು ವರ್ಷ ಅಡಿಕೆ ಸುಲಿದ ಕೈ ಅದು. ಬೆರಳ ತುದಿಯಲ್ಲಿ ಗೆರೆ ಎಲ್ಲಿ ಉಳಿದಿರುತ್ತದೆ? ಅಡಿಕೆ ಕರೆ ಹಿಡಿದು, ಸವೆದು, ಸೀಳಿ ಹೋಗಿದೆ. ಯಂತ್ರ ಮತ್ತೆ ಮತ್ತೆ ಕೆಂಪು ದೀಪ ತೋರಿಸಿತು. ಆಯಿ ಸೆರಗಿಗೆ ಬೆರಳು ಒರೆಸಿ ಒರೆಸಿ ಇಟ್ಟಳು. ತಾನೇ ಏನೋ ತಪ್ಪು ಮಾಡಿದವಳ ಹಾಗೆ ನಿಂತಿದ್ದಳು. ನನಗೆ ಅಲ್ಲಿ ಅಳು ಬರುವುದೊಂದು ಬಾಕಿ. ಕಡೆಗೆ ಕಣ್ಣಿನ ಪಾಪೆ ಸ್ಕ್ಯಾನ್ ಮಾಡಿ ಆಯಿತು. ಬೆರಳು ಬಾರದಿದ್ದರೆ ಕಣ್ಣು ನೋಡಬಹುದು ಎಂಬುದು ಮೊದಲೇ ಗೊತ್ತಿರುವ ಸಂಗತಿ ತಾನೆ? ಅರವತ್ತು ದಾಟಿದ ರೈತ ಹೆಂಗಸರಿಗೆ ಮೊದಲೇ ಹಾಗೆ ಮಾಡಬಾರದಾ? ಮನೆಗೆ ಬರುವಾಗ ಬಸ್ಸಿನಲ್ಲಿ ಅವಳು "ಬ್ಯಾಡ ತಮಾ, ಫೋನಲ್ಲೇ ನೋಡ್ತಿ ಬಿಡು" ಅಂದಳು. ಮಗಳ ಬಾಣಂತನ ಮಾಡುವ ಆಸೆಯನ್ನು ಒಬ್ಬ ತಾಯಿ ಬಿಟ್ಟುಬಿಡುವ ಮಟ್ಟಕ್ಕೆ ತಂದಿಟ್ಟ ವ್ಯವಸ್ಥೆ ಇದು.

ಇನ್ನು ಹಣ. 36 ಪುಟದ ಪುಸ್ತಕಕ್ಕೆ 1500 ರೂಪಾಯಿ. ತತ್ಕಾಲ್ ಬೇಕಾದರೆ ಮೇಲೆ 2000. ಹಣದ ಬಗ್ಗೆ ನನ್ನ ತಕರಾರಿಲ್ಲ. ಹತ್ತಿರದ ಪಾಸ್‌ಪೋರ್ಟ್ ಕೇಂದ್ರದಲ್ಲಿ ದಿನ ಸಿಗಲಿಲ್ಲ, ನೂರು ಕಿಲೋಮೀಟರ್ ಆಚೆಯ ಊರಿನಲ್ಲಿ ಸಿಕ್ಕಿತು. ಅದಕ್ಕೂ ಸೈ ಎಂದು ಹಣ ಕಟ್ಟುವಾಗ ಕರೆಂಟ್ ಹೋಯಿತು. ಬ್ಯಾಂಕಿನಿಂದ ಹಣ ಕಡಿತವಾಯಿತು, ಅರ್ಜಿಯಲ್ಲಿ ಮಾತ್ರ ಹಣ ಬಂದಿಲ್ಲ ಎಂದೇ ತೋರಿಸುತ್ತಿತ್ತು. ಆರಿಸಿದ ದಿನ ಕೈತಪ್ಪಿತು. ಮತ್ತೆ ಕಟ್ಟಿದರೆ ಎರಡು ಸಲ ಕಟ್ಟಿದಂತಾಗುತ್ತದೆ, ಕಟ್ಟದಿದ್ದರೆ ದಿನ ಸಿಗುವುದಿಲ್ಲ. ಕೇಳೋಣ ಅಂದರೆ ಯಾರನ್ನು? ಸಹಾಯವಾಣಿಯಲ್ಲಿ ಒಂದು ಒತ್ತಿ, ಎರಡು ಒತ್ತಿ, ಕಾಯಿರಿ. ಬೇಣದ ತುದಿಯಲ್ಲಿ ಮಳೆಯಲ್ಲಿ ನಿಂತು ಆ ಸಂಗೀತ ಕೇಳಿದ್ದೇನೆ. ಬ್ಯಾಂಕಿನವರು "ನಮ್ಮಿಂದ ಹೋಗಿದೆ" ಅಂದರು. ಸಹಾಯವಾಣಿಯವರು "ನಮಗೆ ಬಂದಿಲ್ಲ, ಕಾದು ನೋಡಿ" ಅಂದರು. ನಡುವೆ 1500 ರೂಪಾಯಿ ಎಲ್ಲಿತ್ತು ಎಂದು ಯಾರೂ ಹೇಳಲಿಲ್ಲ. ಆಮೇಲೆ ಅದು ತಾನಾಗಿಯೇ ಜಮೆ ಆಯಿತು. ಅಷ್ಟರಲ್ಲಿ ನಮ್ಮ ದಿನಗಳು ಹೋಗಿದ್ದವು.

ಇಂಥ ಹೊತ್ತಿನಲ್ಲೇ ಜನ ಮೋಸ ಹೋಗುವುದು. ಗೂಗಲಿನಲ್ಲಿ ಪಾಸ್‌ಪೋರ್ಟ್ ನವೀಕರಣ ಎಂದು ಹುಡುಕಿ ನೋಡಿ, ಅಸಲಿಯಂತೆಯೇ ಕಾಣುವ ಖಾಸಗಿ ತಾಣಗಳು ಬರುತ್ತವೆ. ಅವುಗಳ ಬಗ್ಗೆ ಎಚ್ಚರದಿಂದಿರಿ ಎಂದು ಸರ್ಕಾರವೇ ಪ್ರಕಟಣೆ ಹಾಕಿದೆ. ವಿಳಾಸದ ಕೊನೆಯಲ್ಲಿ ಜಿಒವಿ ಡಾಟ್ ಇನ್ ಇದ್ದರೆ ಮಾತ್ರ ಅಸಲಿ, ಇದನ್ನು ದಯವಿಟ್ಟು ಮನೆಯವರಿಗೆಲ್ಲ ಹೇಳಿಡಿ. ಆದರೆ ಇಂಗ್ಲಿಷ್ ಓದಲು ಬಾರದವರು ವಿಳಾಸದ ಕೊನೆಯನ್ನು ಹೇಗೆ ನೋಡಬೇಕು? ಎಚ್ಚರಿಕೆಯೂ ಅವರಿಗೆ ಓದಲು ಬರುವ ಭಾಷೆಯಲ್ಲಿ ಇರಬೇಕು.

ಒಂದು ಮಾತು ಹೇಳಲೇಬೇಕು. ಕೊನೆಗೆ ದಿನ ಸಿಕ್ಕಿ ಕೇಂದ್ರಕ್ಕೆ ಹೋದಾಗ ಅಲ್ಲಿನವರು ಆಯಿಯನ್ನು ಚೆನ್ನಾಗಿ ನೋಡಿಕೊಂಡರು. ವಯಸ್ಸಾದವರು ಎಂದು ನನ್ನನ್ನೂ ಒಳಗೆ ಬಿಟ್ಟರು. ಟೋಕನ್, ಫೋಟೋ, ಬೆರಳಚ್ಚು, ಹಳೆಯ ಪುಸ್ತಕದ ಪರಿಶೀಲನೆ, ಎಲ್ಲ ಬೇಗ ಬೇಗ ಮುಗಿಯಿತು. ಬೆರಳು ಸರಿಯಾಗಿ ಬಾರದಾಗ ಕೌಂಟರಿನ ಹುಡುಗಿ ತಾನೇ ಎದ್ದು ಬಂದು, ಕೈ ಹಿಡಿದು ಮೆತ್ತಗೆ ಒತ್ತಿಸಿದಳು. ನೋಡಿ, ಮನುಷ್ಯರು ಇದ್ದ ಕಡೆ ಎಲ್ಲೂ ನಮ್ಮ ಕೆಲಸ ನಿಂತಿಲ್ಲ. ನಿಂತದ್ದೆಲ್ಲ ಪರದೆಯ ಮುಂದೆ. ಕಚೇರಿಯ ಗುಮಾಸ್ತರು ಮಾಡುತ್ತಿದ್ದ ಕೆಲಸವನ್ನು ತಂದು ನಮ್ಮ ತಲೆಗೆ ಕಟ್ಟಿದ್ದಾರೆ. ಅದನ್ನು ಮಾಡಲು ಬೇಕಾದ ಕರೆಂಟು, ಸಿಗ್ನಲ್ಲು, ಭಾಷೆ ಮಾತ್ರ ಕೊಟ್ಟಿಲ್ಲ.

ಅಲ್ಲಿಗೆ ಮುಗಿಯಿತು ಅಂದುಕೊಂಡರೆ ಪೊಲೀಸ್ ಪರಿಶೀಲನೆ. ಠಾಣೆಯಿಂದ ಮೊಬೈಲಿಗೆ ಕರೆ ಮಾಡಿದ್ದಾರೆ. ಮನೆಯಲ್ಲಿ ಅದು ರಿಂಗೇ ಆಗುವುದಿಲ್ಲ. ಸಿಗಲಿಲ್ಲ ಎಂದು ಕಡತ ಪಕ್ಕಕ್ಕೆ ಹೋಯಿತು. ಗುರುತಿನವರೆಂದು ಇಬ್ಬರ ಹೆಸರು, ನಂಬರ್ ಫಾರ್ಮಿನಲ್ಲಿ ಕೊಟ್ಟಿದ್ದೆವು. ಆ ಇಬ್ಬರೂ ಇದೇ ಕೇರಿಯವರು, ಅವರ ಫೋನಿಗೂ ಇದೇ ಗತಿ. ಪೇದೆಯನ್ನು ದೂರಿ ಪ್ರಯೋಜನವಿಲ್ಲ, ಅವರಿಗೆ ನೂರೆಂಟು ಕೆಲಸ. ನಾನೇ ಠಾಣೆಗೆ ಹೋಗಿ ವಿಚಾರಿಸಿದ ಮೇಲೆ ಗೊತ್ತಾಯಿತು. ವಿಚಾರಿಸದಿದ್ದರೆ? ಮಕ್ಕಳೆಲ್ಲ ಬೆಂಗಳೂರು ಸೇರಿ, ಇಬ್ಬರೇ ಮುದುಕರು ಉಳಿದಿರುವ ಮನೆಗಳು ನಮ್ಮ ಕಡೆ ಎಷ್ಟಿವೆ! ಅವರ ಕಡತ ಎಲ್ಲಿ ಕೂತಿದೆ ಎಂದು ಯಾರು ಹೋಗಿ ಕೇಳುತ್ತಾರೆ?

ರಾಜ್ಯದಲ್ಲಿ ಸಕಾಲ ಕಾಯ್ದೆ 2011ರಲ್ಲೇ ಬಂತು. ಗೊತ್ತುಮಾಡಿದ ದಿನದೊಳಗೆ ಕೆಲಸ ಆಗದಿದ್ದರೆ ದಿನಕ್ಕೆ 20 ರೂಪಾಯಿಯಂತೆ, ಹೆಚ್ಚೆಂದರೆ 500ರವರೆಗೆ, ಅರ್ಜಿದಾರರಿಗೆ ಪರಿಹಾರ ಎಂದು ಅದರಲ್ಲಿದೆ. ಮೊತ್ತ ಸಣ್ಣದು. ಆದರೆ ತಡ ಆದರೆ ಅದು ಕಚೇರಿಯ ತಪ್ಪು ಎಂದು ಆ ಕಾಯ್ದೆ ಒಪ್ಪಿಕೊಳ್ಳುತ್ತದೆ. ಪಾಸ್‌ಪೋರ್ಟ್ ಕೊಡುವುದು ಕೇಂದ್ರ ಸರ್ಕಾರದ ಕೆಲಸ. ಅಲ್ಲಿ ಪುಟ ತೆರೆಯದಿದ್ದರೆ, ಹಣ ನಡುವೆ ಸಿಕ್ಕಿಕೊಂಡರೆ, ದಿನ ತಪ್ಪಿದರೆ ಎಲ್ಲ ನಮ್ಮ ಹಣೆಬರಹ.

ನಾನು ಕೇಳುವುದು ಏನೂ ದೊಡ್ಡದಲ್ಲ. ಫಾರ್ಮು ಕನ್ನಡದಲ್ಲಿ ಇರಲಿ. ತುಂಬಿದ್ದು ತುಂಬಿದಷ್ಟಕ್ಕೆ ತಾನಾಗಿ ಉಳಿಯಲಿ. ಒಟಿಪಿಯನ್ನು ಲ್ಯಾಂಡ್‌ಲೈನಿಗೆ ಕರೆ ಮಾಡಿ ಹೇಳುವ ದಾರಿ ಇರಲಿ. ಗ್ರಾಮ ಪಂಚಾಯ್ತಿಯಲ್ಲಿ ತಿಂಗಳಿಗೆ ಒಂದು ದಿನ ಒಬ್ಬರು ಕೂತು ವಯಸ್ಸಾದವರ ಅರ್ಜಿ ತುಂಬಿ ಕೊಡಲಿ. ಹಣ ಸಿಕ್ಕಿಕೊಂಡಾಗ ಹೆಸರು ಹೇಳಿ ಮಾತಾಡುವ ಒಬ್ಬ ಮನುಷ್ಯ ಆ ಕಡೆ ಇರಲಿ.

1967ರ ಜೂನ್ 24ಕ್ಕೆ ಪಾಸ್‌ಪೋರ್ಟ್ ಕಾಯ್ದೆ ಬಂತೆಂದು ಪ್ರತಿ ವರ್ಷ ಆ ದಿನ ಪಾಸ್‌ಪೋರ್ಟ್ ಸೇವಾ ದಿನ ಆಚರಿಸುತ್ತಾರೆ. ಆ ಹೊತ್ತಿಗೆ ನಮ್ಮಲ್ಲಿ ಮಳೆ ಜೋರಾಗಿ ಹಿಡಿದಿರುತ್ತದೆ. ಮುಂದಿನ ಜೂನ್ 24ಕ್ಕೆ ಈ ತಾಣ ನಡೆಸುವ ಅಧಿಕಾರಿಯೊಬ್ಬರು ಶಿರಸಿಗೆ ಬರಲಿ. ಊಟ, ವಸತಿ ನಮ್ಮ ಮನೆಯಲ್ಲೇ. ನಮ್ಮ ಕೇರಿಯಲ್ಲಿ ಪಾಸ್‌ಪೋರ್ಟಿನ ಅವಧಿ ಮುಗಿದ ಇನ್ನೂ ಕೆಲವು ತಾಯಂದಿರು ಇದ್ದಾರೆ. ಅವರಲ್ಲಿ ಒಬ್ಬರ ಅರ್ಜಿಯನ್ನು ನಮ್ಮ ಜಗಲಿಯಲ್ಲಿ ಕೂತು, ನಮ್ಮ ಸಿಗ್ನಲ್ಲಿನಲ್ಲಿ, ಮೊದಲಿನಿಂದ ಕೊನೆಯವರೆಗೆ ಅವರೇ ತುಂಬಿ, ಹಣ ಕಟ್ಟಿ, ದಿನ ತೆಗೆದುಕೊಟ್ಟು ಹೋಗಲಿ.