ಭಾವನ ಸೈಟು ಯಾವ ಲೋಕದಲ್ಲಿದೆ?

ನಮ್ಮ ಪುರಾಣದವರು 14 ಲೋಕಗಳನ್ನು ಎಣಿಸಿ ಸುಮ್ಮನಾದರು. ಪಾಪ, ಅವರ್ಯಾರೂ ಬೆಂಗಳೂರಿನಲ್ಲಿ ಸೈಟು ಕೊಂಡವರಲ್ಲ.

ನಮ್ಮ ಭಾವ ಕೊಂಡಿದ್ದಾರೆ. ಮೂವತ್ತು ನಲವತ್ತರ ಒಂದೇ ಒಂದು ಸೈಟು. ಬ್ರೋಷರ್ ಲೋಕದಲ್ಲಿ ಅದರ ಮುಂದೆ ಈಜುಕೊಳ, ಪಕ್ಕದಲ್ಲಿ ಪಾರ್ಕು, ಏರ್‌ಪೋರ್ಟಿಗೆ 15 ನಿಮಿಷ. ಗ್ರಾಮ ನಕ್ಷೆಯ ಲೋಕದಲ್ಲಿ ಅದು ಕೆರೆಯಂಚು. ಮಾಸ್ಟರ್ ಪ್ಲಾನಿನ ಲೋಕದಲ್ಲಿ ಹಳದಿ, ಅಂದರೆ ವಸತಿ. ಮೊಬೈಲ್ ಲೋಕದಲ್ಲಿ ನೀಲಿ, ಅಂದರೆ ನೀರು. ಇದಲ್ಲದೆ ನೆಲ ಅಂತಲೂ ಒಂದಿದೆ. ಅಲ್ಲಿ ಭಾವ ಮನೆ ಕಟ್ಟಿಸಿ ಎರಡು ತೆಂಗಿನ ಸಸಿ ನೆಟ್ಟಿದ್ದಾರೆ. ಅದನ್ನು ಮಾತ್ರ ಯಾವ ಕಚೇರಿಯೂ ಲೆಕ್ಕಕ್ಕೆ ಹಿಡಿಯುವುದಿಲ್ಲ.

ಹಾಗಾಗಿ ನನ್ನದೊಂದು ಅಹವಾಲು. ಇಷ್ಟು ದೊಡ್ಡ ವಿದ್ಯೆ ಹೆಸರಿಲ್ಲದೆ ಬಿದ್ದಿರುವುದು ಸರಿಯಲ್ಲ. 'ಬಹುಲೋಕ ನಕ್ಷಾಶಾಸ್ತ್ರ' ಅಂತ ಹೆಸರಿಟ್ಟು ಕೂಡಲೇ ಒಂದು ಪದವಿ ಶುರು ಮಾಡಬೇಕು.

ಮೊದಲ ಪಾಠ ಪುರಾಣದ್ದೇ ಇರಲಿ. ಜಂಬೂದ್ವೀಪದ ಸುತ್ತ ಉಪ್ಪುನೀರಿನ ಸಮುದ್ರ, ಆಚೆಗೆ ಕಬ್ಬಿನ ಹಾಲಿನದು, ಹೆಂಡದ್ದು, ತುಪ್ಪದ್ದು, ಮೊಸರಿನದು, ಹಾಲಿನದು, ಕೊನೆಗೆ ಸಿಹಿನೀರಿನದು. ಒಬ್ಬರೂ ಕಣ್ಣಾರೆ ಕಂಡಿಲ್ಲ. ಆದರೂ ಏಳರಲ್ಲಿ ಒಂದನ್ನೂ ಕಳೆಯದೆ ನಮ್ಮ ಕಾಲಕ್ಕೆ ತಲುಪಿಸಿದರು. ನಾವು ಕಣ್ಣೆದುರಿದ್ದ ಕೆರೆಗಳನ್ನೇ ಕಳೆದೆವು. ಧರ್ಮಾಂಬುಧಿ ಕೆರೆಯಲ್ಲಿ ಈಗ ಮೆಜೆಸ್ಟಿಕ್ ಬಸ್ಸು ಹತ್ತುತ್ತೇವೆ. ಸಂಪಂಗಿ ಕೆರೆಯಲ್ಲಿ ಕಂಠೀರವ ಕ್ರೀಡಾಂಗಣ ಕಟ್ಟಿ ಓಡುತ್ತೇವೆ. ಕೆರೆ ಹೋಗಿ ಗೆರೆ ಉಳಿಯಿತು.

ಎರಡನೆಯದು ಚುಕ್ಕೆ ಗೆರೆ ಶಾಸ್ತ್ರ. ಇದು ಬಹಳ ಆಳವಾದ ವಿಷಯ. ಚುಕ್ಕೆ ಗೆರೆ ಅಂದರೆ ಮುಂದೆ ಬರುವ ರಸ್ತೆ. ಪೆರಿಫೆರಲ್ ರಿಂಗ್ ರೋಡನ್ನೇ ನೋಡಿ. ಅದಕ್ಕೆ ಭೂಸ್ವಾಧೀನದ ಅಂತಿಮ ಅಧಿಸೂಚನೆ ಬಂದದ್ದು 2007ರಲ್ಲಿ. ಆಗಿನಿಂದ ಆ ಗೆರೆಯ ಕೆಳಗೆ ಜಮೀನಿರುವ ರೈತರು ಮಾರುವ ಹಾಗಿಲ್ಲ, ಕಟ್ಟುವ ಹಾಗಿಲ್ಲ. ಬ್ರೋಷರಿನವರು ಮಾತ್ರ ಅದೇ ಗೆರೆ ತೋರಿಸಿ ಪಕ್ಕದ ಸೈಟು ಮಾರುವ ಹಾಗಿದೆ. ರಸ್ತೆ ಬಂತಾ? ಹೊಸ ಹೆಸರು ಬಂತು. ಈಗ ಅದು ಬೆಂಗಳೂರು ಬಿಸಿನೆಸ್ ಕಾರಿಡಾರ್. ಚುಕ್ಕೆಗೂ ಬಡ್ತಿ ಸಿಗುತ್ತದೆ ಅನ್ನುವುದು ಈ ಶಾಸ್ತ್ರದ ದೊಡ್ಡ ಶೋಧ.

ಎ ಖಾತಾ, ಬಿ ಖಾತಾ ಅನ್ನುವ ಎರಡು ಸಮಾನಾಂತರ ಲೋಕಗಳ ಬಗ್ಗೆ ಇಲ್ಲಿ ಹೇಳುವುದಿಲ್ಲ. ಅದು ಪಿಎಚ್‌ಡಿಗೆ.

1800ರಲ್ಲಿ ವಿಲಿಯಂ ಲ್ಯಾಂಬ್ಟನ್ ಅನ್ನುವ ಇಂಗ್ಲಿಷರವನು ಬೆಂಗಳೂರಿನಲ್ಲಿ ಉಕ್ಕಿನ ಸರಪಳಿ ಹಿಡಿದು ಆಧಾರರೇಖೆ ಅಳೆದ. ಮುಂದೆ ಇಡೀ ದೇಶವನ್ನು ತ್ರಿಕೋನಗಳಲ್ಲಿ ಅಳೆಯಲು ಹೊರಟವನೂ ಅವನೇ. ಭಾರೀ ಹೊಗಳುತ್ತಾರೆ. ಆದರೆ ಅವನಿಗಿದ್ದದ್ದು ಒಂದೇ ಬೆಂಗಳೂರು, ಅಲ್ವಾ? ಸುಲಭದ ಕೆಲಸ.

ಹೋದ ತಿಂಗಳು ಭಾವ ಸೈಟು ಅಳತೆ ಮಾಡಿಸಿದರು. ಸರ್ವೇಯರ್ ಸಾಹೇಬರು ಬಂದರು. ನಕ್ಷೆ ಬಿಡಿಸಿದರು, ತಿರುಗಿಸಿದರು, ಸೂರ್ಯನ ಕಡೆ ನೋಡಿದರು.

"ನಕ್ಷೆ ಸರಿಯಾಗೇ ಇದೆ ಸಾರ್. ನೆಲ ಸ್ವಲ್ಪ ಜರುಗಿದೆ."

"ನೆಲ ಜರುಗಿದೆಯಾ? ಎಷ್ಟು?"

"ಹದಿನೆಂಟು ಅಡಿ. ನಿಮ್ಮ ಸೈಟು ಆ ಕಡೆ ಮನೆಯವರ ಅಡುಗೆಮನೆಯಲ್ಲಿದೆ."

"ಹಾಗಾದ್ರೆ ನಾನೀಗ ನಿಂತಿರೋದು?"

"ಬಿ ಖರಾಬು."

ಸರ್ಕಾರಿ ಜಾಗದಲ್ಲಿ ಚಪ್ಪಲಿ ಹಾಕಿ ನಿಂತಿದ್ದಕ್ಕೋ ಏನೋ, ಭಾವ ಒಂದು ಹೆಜ್ಜೆ ಪಕ್ಕಕ್ಕೆ ಸರಿದರು. ಸಾಹೇಬರು ತಲೆಯಾಡಿಸಿದರು. ಅದು ರಾಜಕಾಲುವೆಯಂತೆ.

ಆ ಕಡೆ ಮನೆಯಾಕೆ ಒಳ್ಳೆಯವರು. ಅಡುಗೆಮನೆ ಬಿಟ್ಟುಕೊಡಲಿಲ್ಲ, ಕಾಫಿ ಕೊಟ್ಟರು. ಅವರ ಸೈಟು ಎಲ್ಲಿಗೆ ಜರುಗಿದೆ ಅಂತ ಕೇಳುವ ಧೈರ್ಯ ನಮಗ್ಯಾರಿಗೂ ಬರಲಿಲ್ಲ.

ಅಂದು ರಾತ್ರಿ ಅಡುಗೆ ಮಾಡುವ ಮನಸ್ಸು ಯಾರಿಗೂ ಇರಲಿಲ್ಲ. ಹೊರಗಿನಿಂದ ಊಟ ತರಿಸಿದೆವು. ಸ್ವಲ್ಪ ಹೊತ್ತಿಗೆ ಫೋನು ಬಂತು.

"ಸಾರ್, ಲೊಕೇಶನ್ ಕೆರೆ ಒಳಗೆ ತೋರಿಸ್ತಿದೆ."

"ಹೂಂ ಕಣಪ್ಪ, ಅಲ್ಲೇ," ಅಂದರು ಭಾವ. "ಹಸಿರು ಗೇಟು. ಬೆಲ್ ಮಾಡು."