ಡೋಡೋಗೆ ಒಂದು ಬೀಳ್ಕೊಡುಗೆಯೂ ಸಿಗಲಿಲ್ಲ

ನಿಮ್ಮ ಬರಹದಲ್ಲಿ ಜಾಕಿ ಲೇನ್ ಅವರನ್ನು, ಕಾಲದಲ್ಲಿ ಹಿಂದೆ ಮುಂದೆ ಪಯಣಿಸುವ ಡಾಕ್ಟರ್‌ನ ಕಥೆ ಹೇಳುವ ಬಿಬಿಸಿಯ 'ಡಾಕ್ಟರ್ ಹೂ' ಟಿವಿ ಧಾರಾವಾಹಿಯ ಮರೆತುಹೋದ ನಟಿ ಅಂತ ಒಂದೇ ಸಾಲಿನಲ್ಲಿ ಮುಗಿಸಿಬಿಟ್ಟಿದ್ದೀರಿ. ಇನ್ನೂ ಸ್ವಲ್ಪ ಬರೆಯಬಹುದಿತ್ತು. 1966ರಲ್ಲಿ ಕೆಲವೇ ತಿಂಗಳು ಅವರು ಡಾಕ್ಟರ್‌ನ ಜೊತೆಗಾತಿ ಡೋಡೋ ಆಗಿದ್ದರು. 'ದಿ ಆರ್ಕ್' ಕಥೆಯಲ್ಲಿ ಡೋಡೋಗೆ ಬರೀ ನೆಗಡಿ. ಆದರೆ ನೆಗಡಿಯನ್ನೇ ಕಾಣದ ಭವಿಷ್ಯದ ಜನಕ್ಕೆ ಅದು ಅಂಟಿ ಜೀವಕ್ಕೇ ಕುತ್ತು! ಶುರುವಿನಲ್ಲಿ ಅವಳ ಮಾತಿಗೆ ಬೀದಿಯ ಧಾಟಿ ಇತ್ತು, ಬಿಬಿಸಿಯವರು ಅದನ್ನೂ ತಿದ್ದಿಸಿದರು. ಕೊನೆಗೆ 'ದಿ ವಾರ್ ಮಷೀನ್ಸ್' ಕಥೆಯ ನಡುವೆಯೇ ಮಾಯ. ಅವಳು ಲಂಡನ್ನಿನಲ್ಲೇ ಉಳಿಯುತ್ತಾಳಂತೆ ಅನ್ನೋ ಸುದ್ದಿ ಬೇರೆಯವರ ಬಾಯಲ್ಲಿ ಬರುತ್ತದೆ, ಅಷ್ಟೇ. ಅನ್ಯಾಯ ಅಲ್ವಾ? ಜಾಕಿ ನಟಿಸಿದ ಎಷ್ಟೋ ಕಂತುಗಳು ಈಗ ನೋಡಲೂ ಸಿಗುವುದಿಲ್ಲ. ಮುಂದೆ ಅವರು ನಟರ ಏಜೆಂಟ್ ಆಗಿ, ಅದೇ ಧಾರಾವಾಹಿಯಲ್ಲಿ ಡಾಕ್ಟರ್ ಆಗಿದ್ದ ನಟ ಟಾಮ್ ಬೇಕರ್ ಅವರ ಕೆಲಸ ನೋಡಿಕೊಂಡರು.